ವಿನಾಯಿತಿ

ಕಾಮಾಕ್ಷಿಪಾಳ್ಯದ ಮೂರನೇ ಅಡ್ಡರಸ್ತೆ.
ಕೆಳಗೆ ಲೇತ್ ವರ್ಕ್‌ಷಾಪು, ಮೇಲೆ ನನ್ನ ಎಂಟು ಕಂಪ್ಯೂಟರು.
ಮೊದಲು ಇಲ್ಲಿ ಟೈಪಿಂಗ್ ಕ್ಲಾಸಿತ್ತು,
ಆಮೇಲೆ ಗಂಟೆಗೆ ಇಪ್ಪತ್ತು ರೂಪಾಯಿಯ ಇಂಟರ್‌ನೆಟ್ಟು,
ಈಗ ಹುಡುಗರು ಬಂದು ಯುದ್ಧ ಮಾಡಿ ಹೋಗುತ್ತಾರೆ.
ಬೋರ್ಡಿನಲ್ಲಿ ಇನ್ನೂ 'ಜೂನಿಯರ್, ಸೀನಿಯರ್' ಅಂತಿದೆ.
ಯಾರೂ ಅಳಿಸಿಲ್ಲ, ಯಾರೂ ಕೇಳಿಲ್ಲ.

ಚೆಲುವರಾಜು ಬರುವುದು ಏಳೂವರೆಗೆ,
ಶಿಫ್ಟು ಮುಗಿಸಿ, ಸೋಪು ಹಾಕಿ ಕೈ ತಿಕ್ಕಿ.
ಆದರೂ ಉಗುರಿನ ಸಂದಿಯಲ್ಲಿ ಎಣ್ಣೆಯ ಕಪ್ಪು.
ಎ ಎಸ್ ಡಿ ಎಫ್ ಅಂತ ನಾನು ಸಾವಿರ ಜನಕ್ಕೆ ಕಲಿಸಿದೆ,
ಇವನು ಎಫ್ ಬಿಟ್ಟು ಡಬ್ಲ್ಯು ಸೇರಿಸಿಕೊಂಡ.
ಆರನೇ ಕೀಬೋರ್ಡಿನಲ್ಲಿ ಆ ನಾಲ್ಕೂ ಕೀಲಿ
ಅವನ ಬೆರಳಿಗೇ ಸವೆದು ಬೋಳಾಗಿವೆ.

ಆ ಶುಕ್ರವಾರ ರಾತ್ರಿ ಎಂಟು.
ಪೀಣ್ಯದ ತಂಡದ ಮೇಲೆ ಕೊನೆಯ ಸುತ್ತು.
ನಮ್ಮ ಕಡೆ ಇವನೊಬ್ಬ, ಅತ್ತ ಇಬ್ಬರು.
ಒಬ್ಬನನ್ನು ಕೆಡವಿದ. ನಾವೆಲ್ಲ ಕುರ್ಚಿಯ ಹಿಂದೆ
ಉಸಿರು ಬಿಗಿಹಿಡಿದು ನಿಂತಿದ್ದೇವೆ,
ಆಗ ಎದ್ದಿತು ಆಂಟಿವೈರಸ್ಸು.
ವಾರದ ತಪಾಸಣೆಯಂತೆ!
ಡಿಸ್ಕು ಗುರುಗುಟ್ಟಿತು, ಫ್ಯಾನಿಗೆ ಹುಚ್ಚೆದ್ದಿತು,
ಪರದೆಯ ಮೇಲೆ ಇವನ ಸಿಪಾಯಿ ಒಂದು ಕಾಲೆತ್ತಿ ನಿಂತ,
ರಸ್ತೆ ದಾಟುವವನು ಬಿಎಂಟಿಸಿ ಕಂಡ ಹಾಗೆ.
ಮೂಲೆಯಲ್ಲೊಂದು ಚೀಟಿ ತೆರೆಯಿತು:
'ನೀವು ಸುರಕ್ಷಿತವಾಗಿದ್ದೀರಿ.'
ಪರದೆ ಮತ್ತೆ ಅಲುಗಾಡುವಷ್ಟರಲ್ಲಿ ಸತ್ತಿದ್ದ.

ಬೈಯಲಿಲ್ಲ. ಹೆಡ್‌ಫೋನ್ ತೆಗೆದು ಕರ್ಚೀಫಿನಲ್ಲಿ ಒರೆಸಿ,
ನಲವತ್ತು ರೂಪಾಯಿ ಇಟ್ಟು, ಮೆಟ್ಟಿಲಿಳಿದ.
ಬೈದಿದ್ದರೆ ನನಗೆ ನಿದ್ದೆಯಾದರೂ ಬರುತ್ತಿತ್ತು.

'ಪೂರಾ ಕಿತ್ತುಹಾಕಿ ಅಂಕಲ್' ಅಂದ ನದೀಮ್.
ಕಿತ್ತಿದ್ದೆನಪ್ಪಾ ಒಂದು ಸಲ.
ಯಾರದೋ ಪೆನ್‌ಡ್ರೈವು, ಒಳಗೆ ಪುಕ್ಕಟೆ ಆಟ.
ಬೆಳಿಗ್ಗೆ ಷಟರ್ ಎತ್ತಿದರೆ ಎಂಟಕ್ಕೆ ಎಂಟೂ
ಕೆಂಪು ಪರದೆ ಹೊತ್ತು
ಹರಕೆಗೆ ಕೂತವರ ಹಾಗೆ ಕೂತಿದ್ದವು.
ಎರಡು ವರ್ಷದ ಲೆಕ್ಕ ಹೋಯಿತು. ಹೋಗಲಿ.
ಟೈಪಿಂಗ್ ಕ್ಲಾಸಿನ ಕೊನೆಯ ಬ್ಯಾಚಿನ ಫೋಟೊ ಇತ್ತು,
ನಡುವೆ ವಿಶಾಲಾಕ್ಷಿ ಟೀಚರು, ಅಪರೂಪಕ್ಕೆ ನಗುತ್ತಾ.
ಅದಕ್ಕೆ ಇನ್ನೊಂದು ಪ್ರತಿ ಇರಲಿಲ್ಲ.

ಭಾನುವಾರ ಕನ್ನಡಕ ಏರಿಸಿ ಕೂತೆ.
ಈ ಕಾವಲಿನವನು ಕೆಟ್ಟವನಲ್ಲ, ಹೊಸಬ.
ಮನೆಮಂದಿಯ ಗುರುತಿಲ್ಲ, ಅಷ್ಟೆ.
ಸೆಟ್ಟಿಂಗ್ಸು, ಅದರೊಳಗೆ ಇನ್ನೊಂದು, ಅದರೊಳಗೆ ಮತ್ತೊಂದು,
ಅವೆನ್ಯೂ ರಸ್ತೆಯ ಗಲ್ಲಿಗಳ ಹಾಗೆ.
ಕೊನೆಗೆ ಸಿಕ್ಕಿತು ಆ ಪಟ್ಟಿ.
ಎಂಟು ಮಿಷನ್ನಿನ ಮುಂದೂ ಕೂತು ಒಪ್ಪಿಸಿದೆ:
ನೋಡು, ಈ ಫೋಲ್ಡರಿನ ಹುಡುಗರು ನಮ್ಮವರು,
ಬಂದೂಕು ಹಿಡಿದಿದ್ದಾರೆ ನಿಜ, ಗಾಬರಿ ಬೇಡ.
ಇಡೀ ಡಿ ಡ್ರೈವ್ ಅಲ್ಲ, ಇದೊಂದೇ.
ಡೌನ್‌ಲೋಡಿನ ಬಾಗಿಲಲ್ಲಿ, ಪೆನ್‌ಡ್ರೈವಿನ ಕಿಂಡಿಯಲ್ಲಿ
ನನ್ನ ಸ್ವಂತ ಭಾವಮೈದುನ ಬಂದರೂ ಜೇಬು ತಡಕು.
ಆಟ ಪರದೆ ತುಂಬಿರುವಾಗ ಮಾತಾಡಬೇಡ.
ತಪಾಸಣೆಯೇ? ಬೆಳಿಗ್ಗೆ ಹತ್ತಕ್ಕೆ ಮಾಡಿಕೊ,
ಇವರೆಲ್ಲ ಲೇತಿನ ಮುಂದೆ ನಿಂತಿರುವ ಹೊತ್ತು.
ಆಗ ಎಷ್ಟು ಬೇಕೋ ಅಷ್ಟು ಗುರುಗುಟ್ಟು.

ಗುರುವಾರ ಬಂದ ಚೆಲುವರಾಜು.
ನಾನು ಏನೂ ಹೇಳಲಿಲ್ಲ, ಅವನೂ ಕೇಳಲಿಲ್ಲ.
ಎಂಟಾಯಿತು. ನಾನು ನೋಡುತ್ತಿದ್ದದ್ದು ಗಡಿಯಾರ.
ಎಂಟೂ ಐದು. ಮೂಲೆಯಲ್ಲಿ ಆ ಪುಟ್ಟ ಗುರಾಣಿ
ಮದುವೆಮನೆಯಲ್ಲಿ ಚಪ್ಪಲಿ ಕಾಯುವ ಮುದುಕನಂತೆ
ತೆಪ್ಪಗೆ ಕೂತಿತ್ತು.
ಕೆಳಗೆ ಯಾರೋ ಮೋಟಾರು ಹಾಕಿದರು,
ದೀಪ ಒಮ್ಮೆ ಕುಗ್ಗಿತು, ಯುಪಿಎಸ್ ಕುಂಯ್ಗುಟ್ಟಿ ತಡೆಯಿತು.
ಮತ್ತೆ ಇವನೊಬ್ಬ, ಅತ್ತ ಒಬ್ಬ.
ಇವನು ಎಡಕ್ಕೆ ತಿರುಗಿದ. ಅವನು ಬಲಕ್ಕಿದ್ದ.

ಒಂದು ಚೂರೂ ತಡವರಿಸದೆ,
ನೀರಿನ ಹಾಗೆ ಸಲೀಸಾಗಿ ಸತ್ತ.

ಹಣೆ ಚಚ್ಚಿಕೊಂಡು ನಕ್ಕ.
'ಥೂ, ಎಡಕ್ಕೆ ಯಾಕೆ ತಿರುಗಿದೆ ಅಂಕಲ್ ನಾನು!'
ಈ ಸೋಲು ಪೂರಾ ಅವನದೇ,
ಯಾರೂ ಪಾಲು ಕೇಳುವ ಹಾಗಿಲ್ಲ.
ಕುರ್ಚಿ ಮುಂದಕ್ಕೆಳೆದುಕೊಂಡ.
'ಇನ್ನೊಂದು ಗಂಟೆ ಬರಕೊಳ್ಳಿ.'